ರೂಮ್ ತೆರೆದವರ ಹೊಣೆ: ಶೂಟಿಂಗ್ ಆಟಗಳ ಖಾಸಗಿ ಪಂದ್ಯಗಳ ಬಗ್ಗೆ ಓದುಗರ ಪ್ರಶ್ನೆಗಳಿಗೆ ಉತ್ತರ

ಶೂಟಿಂಗ್ ಆಟಗಳಲ್ಲಿ ಗುರುತಿಲ್ಲದವರ ಜೊತೆ ಆಡುವುದನ್ನು ಬಿಟ್ಟು, ಪಾಸ್‌ವರ್ಡ್ ಹಾಕಿದ ಖಾಸಗಿ 'ರೂಮ್' ತೆರೆದು ತಮಗೆ ಬೇಕಾದವರನ್ನಷ್ಟೇ ಸೇರಿಸಿಕೊಂಡು ಪಂದ್ಯ ನಡೆಸುವುದು ಹೇಗೆ ಎಂದು ಕೇಳಿರುವ ಪತ್ರಗಳೇ ಈ ಬಾರಿ ಹೆಚ್ಚು ಬಂದಿವೆ. ಹಲವರು ಕೇಳಿದ್ದು ಒಂದೇ ಆಗಿದ್ದಲ್ಲಿ ಒಂದೇ ಪತ್ರವನ್ನು ಆರಿಸಿಕೊಂಡು ಉತ್ತರಿಸಲಾಗಿದೆ.

ಪ್ರಶ್ನೆ: ನಮ್ಮ ಬಡಾವಣೆಯ ಗಣೇಶೋತ್ಸವ ಸಮಿತಿಯವರು ಈ ವರ್ಷ ಹಗ್ಗಜಗ್ಗಾಟ ಮತ್ತು ಕೇರಂ ಜೊತೆಗೆ ಬಿಜಿಎಂಐ (ಬ್ಯಾಟಲ್‌ಗ್ರೌಂಡ್ಸ್ ಮೊಬೈಲ್ ಇಂಡಿಯಾ ಎಂಬ ಫೋನ್ ಆಟ) ಪಂದ್ಯವನ್ನೂ ಇಡಬೇಕೆಂದಿದ್ದಾರೆ. ಹೋದ ವರ್ಷ ಪ್ರಯತ್ನಿಸಿದಾಗ ರೂಮಿನ ಪಾಸ್‌ವರ್ಡ್ ಯಾರ್ಯಾರ ಕೈಗೋ ಸಿಕ್ಕಿ, ಹೆಸರು ಕೊಡದವರೆಲ್ಲ ಒಳಗೆ ಬಂದು ಕೂತು, ನಮ್ಮ ಎರಡು ತಂಡಗಳಿಗೆ ಜಾಗವೇ ಇಲ್ಲದಂತಾಯಿತು. ಕೊನೆಗೆ ಗೆದ್ದವರು ಯಾರೆಂಬ ಜಗಳ ಪೆಂಡಾಲಿನವರೆಗೂ ಬಂತು. ಈ ಸಲ ಹಾಗಾಗದಂತೆ ಮೊದಲಿನಿಂದ ಹೇಗೆ ಏರ್ಪಾಡು ಮಾಡಬೇಕು?
– ಸಮಿತಿಯ ಸದಸ್ಯರೊಬ್ಬರು, ತಿಪಟೂರು

ಉತ್ತರ: ರ್‍ಯಾಂಕ್ ಪಂದ್ಯಗಳಲ್ಲಿ ಯಾರು ಯಾರೆದುರು ಆಡಬೇಕು, ಯಾವ ಮ್ಯಾಪ್ (ಆಟ ನಡೆಯುವ ನೆಲ), ಯಾವ ಸರ್ವರ್, ಯಾರಿಗೆ ಎಷ್ಟು ಅಂಕ ಎಂಬುದನ್ನೆಲ್ಲ ಆಟವೇ ತೀರ್ಮಾನಿಸುತ್ತದೆ, ಖಾಸಗಿ ರೂಮಿನಲ್ಲಿ ಈ ಎಲ್ಲ ಕೆಲಸವೂ ರೂಮ್ ತೆರೆದವರ ಹೆಗಲಿಗೆ ಬೀಳುತ್ತದೆ. ಗಲ್ಲಿ ಕ್ರಿಕೆಟ್‌ನಲ್ಲಿ ಬ್ಯಾಟ್ ತಂದ ಹುಡುಗನೇ ಔಟ್ ಹೌದೋ ಅಲ್ಲವೋ ಎಂದು ಹೇಳುವಂತಾದರೆ ಆಟ ಎಲ್ಲಿಗೆ ಮುಟ್ಟುತ್ತದೆಂದು ನಿಮಗೆ ಗೊತ್ತೇ ಇದೆ. ಆದ್ದರಿಂದ ಎಲ್ಲಕ್ಕಿಂತ ಮೊದಲು, ರೂಮ್ ತೆರೆಯುವವರು ಆ ಪಂದ್ಯದಲ್ಲಿ ಆಡಬಾರದು ಎಂದು ತೀರ್ಮಾನಿಸಿಕೊಳ್ಳಿ. ಆಟ ಬಲ್ಲ, ಆದರೆ ಯಾವ ತಂಡಕ್ಕೂ ಸೇರದ ಒಬ್ಬರನ್ನು ರೆಫರಿಯಾಗಿ ನೇಮಿಸಿ, ರೂಮ್ ಅವರ ಫೋನಿನಿಂದಲೇ ತೆರೆಯಲಿ.

ಬಿಜಿಎಂಐನಲ್ಲಿ ರೂಮ್ ತೆರೆಯಲು ರೂಮ್ ಕಾರ್ಡ್ ಬೇಕು. ಇದು ಆಟದೊಳಗಿನ ಅಂಗಡಿ, ರಾಯಲ್ ಪಾಸ್, ಕ್ಲಾನ್ ಮುಂತಾದ ದಾರಿಗಳಲ್ಲಿ ಸಿಗುತ್ತದೆ. ಕಾರ್ಡುಗಳಿಗೆ ಅವಧಿ ಇರುವುದರಿಂದ ಹಬ್ಬದ ದಿನಕ್ಕೆ ಮೊದಲೇ ಮುಗಿದುಹೋಗುವ ಕಾರ್ಡನ್ನು ನಂಬಿ ಕೂರಬೇಡಿ. ರೂಮ್ ತೆರೆಯುವಾಗ ಹೆಸರು, ಪಾಸ್‌ವರ್ಡ್, ಮ್ಯಾಪ್, ಸೋಲೋ-ಡ್ಯುಯೋ-ಸ್ಕ್ವಾಡ್ (ಒಬ್ಬರೇ, ಇಬ್ಬರು, ನಾಲ್ವರು) ಪೈಕಿ ಯಾವುದು, ಪಾತ್ರವನ್ನು ಹಿಂದಿನಿಂದ ನೋಡುತ್ತ ಆಡುವ ಟಿಪಿಪಿಯೋ ಪಾತ್ರದ ಕಣ್ಣಿನಿಂದಲೇ ನೋಡುತ್ತ ಆಡುವ ಎಫ್‌ಪಿಪಿಯೋ ಎಂಬುದನ್ನು ಆರಿಸಬೇಕಾಗುತ್ತದೆ. ನಿಮ್ಮದು ಬಡಾವಣೆಯ ಪಂದ್ಯವಾದ್ದರಿಂದ ಎಲ್ಲರಿಗೂ ಪರಿಚಿತವಾದ ಎರಾಂಗೆಲ್ ಮ್ಯಾಪ್, ಸ್ಕ್ವಾಡ್, ಟಿಪಿಪಿ ಸಾಕು. ಗನ್ನುಗಳು ಎಷ್ಟು ಸಿಗಬೇಕು, ಜೋನ್ (ಆಟಗಾರರು ಉಳಿಯಬಹುದಾದ ವಲಯ) ಎಷ್ಟು ಬೇಗ ಕಿರಿದಾಗಬೇಕು ಎಂಬಂಥ ಸೂಕ್ಷ್ಮ ಬದಲಾವಣೆಗಳಿಗೆ ಮೊದಲ ಸಲವೇ ಕೈಹಾಕುವ ಅಗತ್ಯವಿಲ್ಲ. ಬದಲಾಯಿಸಿದ್ದೇ ಆದರೆ ಏನು ಬದಲಾಯಿಸಿದ್ದೀರೆಂದು ಎಲ್ಲ ತಂಡಗಳಿಗೂ ಹಿಂದಿನ ದಿನವೇ ತಿಳಿಸಿ.

ಹೋದ ವರ್ಷದ ತೊಂದರೆಗೆ ಮದ್ದು ಸ್ಲಾಟ್‌ಗಳ, ಅಂದರೆ ರೂಮಿನೊಳಗೆ ತಂಡಗಳು ಕೂರುವ ಜಾಗಗಳ, ಪಟ್ಟಿಯಲ್ಲಿದೆ. ದೊಡ್ಡ ಟೂರ್ನಿಗಳಲ್ಲಿ ನಾಲ್ವರ 16 ತಂಡಗಳು, ಅಂದರೆ 64 ಮಂದಿ ಒಂದು ರೂಮಿನಲ್ಲಿ ಆಡುತ್ತಾರೆ. ನೀವೂ ಇದನ್ನೇ ಮೇಲ್ಮಿತಿಯಾಗಿ ಇಟ್ಟುಕೊಳ್ಳಬಹುದು. ರೂಮಿನೊಳಗೆ ಬಂದವರು ಖಾಲಿ ಇರುವ ಯಾವ ಸ್ಲಾಟ್‌ನಲ್ಲಾದರೂ ಕೂರಬಹುದಾದ ಕಾರಣ, ಯಾವ ತಂಡಕ್ಕೆ ಯಾವ ಸ್ಲಾಟ್ ಎಂದು ಮೊದಲೇ ಚೀಟಿ ಎತ್ತಿ ನಿರ್ಧರಿಸಿ, ಪ್ರತಿ ಆಟಗಾರರ ಆಟದ ಹೆಸರನ್ನು, ಅಂದರೆ ಪರದೆಯ ಮೇಲೆ ಕಾಣುವ ಹೆಸರನ್ನೇ, ಪಟ್ಟಿಯಲ್ಲಿ ಬರೆದುಕೊಳ್ಳಿ. ಮನೆಯ ಹೆಸರು ಬರೆದುಕೊಂಡರೆ ರೆಫರಿಗೆ ಕೆಲಸಕ್ಕೆ ಬಾರದು. ಹುಡುಗರು 'ಐಡಿ-ಪಾಸ್' ಎನ್ನುವ ರೂಮ್ ಸಂಖ್ಯೆ ಮತ್ತು ಪಾಸ್‌ವರ್ಡನ್ನು ದೊಡ್ಡ ವಾಟ್ಸಾಪ್ ಗುಂಪಿಗೆ ಹಾಕದೆ, ಪಂದ್ಯಕ್ಕೆ ಹತ್ತು ನಿಮಿಷ ಇರುವಾಗ ತಂಡಗಳ ನಾಯಕರಿಗೆ ಮಾತ್ರ ಕಳುಹಿಸಿ. ಪ್ರತಿ ಪಂದ್ಯಕ್ಕೂ ಪಾಸ್‌ವರ್ಡ್ ಬದಲಾಗಲಿ. ರೆಫರಿ ಪಟ್ಟಿಯನ್ನು ಎದುರಿಗಿಟ್ಟುಕೊಂಡು, ಪಟ್ಟಿಯಲ್ಲಿಲ್ಲದ ಹೆಸರು ಕಂಡ ಕೂಡಲೇ ಹೊರಹಾಕಬೇಕು. ತಪ್ಪು ಸ್ಲಾಟ್‌ನಲ್ಲಿ ಕೂತವರಿಗೆ ಜಾಗ ಬದಲಿಸಲು ಹೇಳಬೇಕು. ಹೇಳಿದ ಹೊತ್ತಿಗೆ ಸರಿಯಾಗಿ ಶುರು ಮಾಡಬೇಕು. 'ನಮ್ಮ ಒಬ್ಬ ಇನ್ನೂ ಬಂದಿಲ್ಲ, ಎರಡು ನಿಮಿಷ ತಡೀರಿ' ಎಂಬ ಮಾತಿಗೆ ಒಮ್ಮೆ ಬಗ್ಗಿದರೆ ದಿನವಿಡೀ ಬಗ್ಗಬೇಕಾಗುತ್ತದೆ.

ಗೆದ್ದವರು ಯಾರೆಂಬ ಜಗಳಕ್ಕೆ ಕಾರಣ ಸಾಮಾನ್ಯವಾಗಿ ಅಂಕದ ಲೆಕ್ಕ ಮೊದಲೇ ಹೇಳದಿರುವುದು. ಇಂದು ದೊಡ್ಡ ಟೂರ್ನಿಗಳಲ್ಲಿ ರೂಢಿಯಲ್ಲಿರುವ ಲೆಕ್ಕದ ಪ್ರಕಾರ ಮೊದಲ ಸ್ಥಾನಕ್ಕೆ 10, ಎರಡನೆಯದಕ್ಕೆ 6, ಆಮೇಲೆ ಕ್ರಮವಾಗಿ 5, 4, 3, 2, ಏಳನೆಯ ಮತ್ತು ಎಂಟನೆಯ ಸ್ಥಾನಗಳಿಗೆ ತಲಾ 1 ಅಂಕ. ಇದರ ಜೊತೆಗೆ ಪ್ರತಿ ಕಿಲ್‌ಗೆ, ಅಂದರೆ ಹೊಡೆದುರುಳಿಸಿದ ಪ್ರತಿ ಎದುರಾಳಿಗೆ, 1 ಅಂಕ. ಹೀಗಾದಾಗ ಕೊನೆಯವರೆಗೆ ಅವಿತುಕೊಂಡು ಮೂರೇ ಕಿಲ್‌ಗಳೊಡನೆ 'ಚಿಕನ್ ಡಿನ್ನರ್' (ಮೊದಲ ಸ್ಥಾನ) ಪಡೆದ ತಂಡಕ್ಕೆ 13 ಅಂಕ ಬಂದರೆ, ಮೂರನೆಯ ಸ್ಥಾನ ಪಡೆದರೂ ಒಂಬತ್ತು ಕಿಲ್ ಮಾಡಿದ ತಂಡಕ್ಕೆ 14 ಅಂಕ ಬರುತ್ತದೆ. ಈ ಉದಾಹರಣೆಯನ್ನೇ ನಿಯಮದ ಹಾಳೆಯಲ್ಲಿ ಬರೆದುಬಿಡಿ. 'ಡಿನ್ನರ್ ನಮ್ಮದು, ಕಪ್ ಅವರಿಗ್ಯಾಕೆ' ಎಂಬ ಪ್ರಶ್ನೆಯೇ ಏಳುವುದಿಲ್ಲ. ಒಂದೇ ಪಂದ್ಯದಲ್ಲಿ ಅದೃಷ್ಟದ ಪಾಲು ಹೆಚ್ಚಾದ್ದರಿಂದ ಮೂರೋ ನಾಲ್ಕೋ ಪಂದ್ಯಗಳ ಒಟ್ಟು ಅಂಕವನ್ನು ನೋಡಿ. ಪ್ರತಿ ಪಂದ್ಯ ಮುಗಿದೊಡನೆ ಫಲಿತಾಂಶದ ಪರದೆಯ ಸ್ಕ್ರೀನ್‌ಶಾಟ್ ತೆಗೆಯುವುದು ರೆಫರಿಯ ಕೆಲಸ, ಆಟಗಾರರದ್ದಲ್ಲ.

ಎರಾಂಗೆಲ್‌ನ ಒಂದು ಪಂದ್ಯಕ್ಕೆ ಸುಮಾರು ಅರ್ಧ ಗಂಟೆ, ಸ್ಲಾಟ್ ತುಂಬಲು ಕಾಲು ಗಂಟೆ ಎಂದುಕೊಂಡರೆ ನಾಲ್ಕು ಪಂದ್ಯಗಳಿಗೆ ಮೂರು ಗಂಟೆ ಹಿಡಿಯುತ್ತದೆ. ಇಲ್ಲಿ ಒಂದು ಎಚ್ಚರಿಕೆ. 2023ರ ಮೇ ತಿಂಗಳಲ್ಲಿ ಈ ಆಟ ಭಾರತಕ್ಕೆ ಮರಳಿದಾಗ 18 ವರ್ಷದೊಳಗಿನವರಿಗೆ ದಿನಕ್ಕೆ 3 ಗಂಟೆ, ದೊಡ್ಡವರಿಗೆ 6 ಗಂಟೆಯ ಮಿತಿಯನ್ನು ಹಾಕಲಾಯಿತು. ಬೆಳಿಗ್ಗೆ 'ಪ್ರಾಕ್ಟೀಸ್' ಎಂದು ಎರಡು ಗಂಟೆ ಆಡಿ ಬಂದ ಹೈಸ್ಕೂಲ್ ಹುಡುಗ ಸಂಜೆಯ ಎರಡನೆಯ ಪಂದ್ಯದ ನಡುವೆ ಹೊರಬಿದ್ದರೆ ಅದನ್ನು ರೆಫರಿ ಸರಿಪಡಿಸಲಾರರು. ಆ ದಿನ ಬೆಳಿಗ್ಗೆ ಆಟ ತೆರೆಯಬೇಡಿ ಎಂದು ಮೊದಲೇ ಹೇಳಿ.

ಉಳಿದಂತೆ ಎರಡು ಮಾತು. 64 ಫೋನುಗಳನ್ನು ಸಮುದಾಯ ಭವನದ ಒಂದೇ ವೈಫೈಗೆ ಕಟ್ಟಬೇಡಿ. ಆಟ ಬಳಸುವ ಡೇಟಾ ಕಡಿಮೆಯೇ ಆದರೂ ಅಷ್ಟು ಫೋನುಗಳು ಒಂದೇ ರೂಟರಿನ ಗಾಳಿಯಲ್ಲಿ ಪೈಪೋಟಿಗಿಳಿದಾಗ ಪಿಂಗ್, ಅಂದರೆ ಸರ್ವರ್‌ಗೆ ಸಂದೇಶ ಹೋಗಿ ಬರುವ ಹೊತ್ತು, ಏರುತ್ತದೆ, ಅದರ ನಡುವೆ ಒಬ್ಬರ ಫೋನು ಅಪ್‌ಡೇಟ್ ಇಳಿಸಿಕೊಳ್ಳತೊಡಗಿದರೆ ಅಲ್ಲಿಗೆ ಮುಗಿಯಿತು. ಅವರವರ ಸಿಮ್ಮಿನ ಡೇಟಾದಲ್ಲೇ ಆಡಲಿ. ಇನ್ನೊಂದು, ಪೆಂಡಾಲಿನಲ್ಲಿ ದೊಡ್ಡ ಎಲ್ಇಡಿ ಪರದೆ ಹಾಕಿ ರೆಫರಿಯ ನೋಟವನ್ನು ತೋರಿಸುವ ಆಸೆ ಇದ್ದರೆ ಆಟಗಾರರು ಆ ಪರದೆಯೂ ಪ್ರೇಕ್ಷಕರ ಕೂಗೂ ತಲುಪದ ಕಡೆ ಕೂರಬೇಕು. ಎದುರಾಳಿ ಯಾವ ಮನೆಯ ಮಹಡಿಯಲ್ಲಿದ್ದಾನೆಂದು ಇಡೀ ಬಡಾವಣೆಗೇ ಕಾಣುತ್ತಿರುವಾಗ ಯಾರೂ ಸುಮ್ಮನಿರುವುದಿಲ್ಲ.

ಪ್ರಶ್ನೆ: ಪ್ರತಿ ಸ್ಕ್ವಾಡ್‌ನಿಂದ ₹100 ಪ್ರವೇಶ ಶುಲ್ಕ ತೆಗೆದುಕೊಂಡು, ಒಟ್ಟಾದ ಹಣವನ್ನು ಗೆದ್ದ ತಂಡಕ್ಕೆ ಕೊಡುವ ಕಸ್ಟಮ್ ರೂಮ್‌ಗಳನ್ನು ನಡೆಸುವ ಆಲೋಚನೆ ಇದೆ. ಇದು ಅದೃಷ್ಟದ ಆಟವಲ್ಲ, ಕೌಶಲದ ಆಟ. ಆದ್ದರಿಂದ ತೊಂದರೆ ಇಲ್ಲ ಎಂದು ಗೆಳೆಯರು ಹೇಳುತ್ತಾರೆ. ನಿಜವೇ?
– ಬಿ.ಕಾಂ. ವಿದ್ಯಾರ್ಥಿ, ದಾವಣಗೆರೆ

ಉತ್ತರ: ನಿಮ್ಮ ಗೆಳೆಯರ ವಾದ ಹಳೆಯದು. ಕರ್ನಾಟಕ ಸರ್ಕಾರ 2021ರಲ್ಲಿ ಪೊಲೀಸ್ ಕಾಯ್ದೆಗೆ ತಂದ ತಿದ್ದುಪಡಿಯ ಮುಖ್ಯ ಭಾಗಗಳನ್ನು ರಾಜ್ಯ ಹೈಕೋರ್ಟ್ 2022ರ ಫೆಬ್ರುವರಿಯಲ್ಲಿ ರದ್ದುಪಡಿಸಿದಾಗ ಕೌಶಲದ ಆಟ ಮತ್ತು ಅದೃಷ್ಟದ ಆಟದ ನಡುವಿನ ಈ ವ್ಯತ್ಯಾಸಕ್ಕೆ ಮಹತ್ವ ಇತ್ತು. ಆದರೆ 2025ರ ಆಗಸ್ಟ್‌ನಲ್ಲಿ ಸಂಸತ್ತು ಒಪ್ಪಿ, ಆ ತಿಂಗಳ 22ರಂದು ರಾಷ್ಟ್ರಪತಿಗಳ ಅಂಕಿತ ಪಡೆದ ಆನ್‌ಲೈನ್ ಗೇಮಿಂಗ್ ಕಾಯ್ದೆಯು ಆ ಗೆರೆಯನ್ನೇ ಅಳಿಸಿದೆ. ಹಣ ಅಥವಾ ಪಣ ಕಟ್ಟಿ, ಅದಕ್ಕೆ ಪ್ರತಿಯಾಗಿ ಹಣದ ಲಾಭವನ್ನು ನಿರೀಕ್ಷಿಸಿ ಆಡುವ ಆನ್‌ಲೈನ್ ಆಟ ಕೌಶಲದ್ದಾಗಿರಲಿ, ಅದೃಷ್ಟದ್ದಾಗಿರಲಿ, ಎರಡೂ ಬೆರೆತದ್ದಾಗಿರಲಿ, ಅದು 'ಹಣದ ಆಟ' ಎನಿಸುತ್ತದೆ. ಅದನ್ನು ಒದಗಿಸುವವರಿಗೆ 3 ವರ್ಷದವರೆಗೆ ಸೆರೆವಾಸ, ₹1 ಕೋಟಿಯವರೆಗೆ ದಂಡ ವಿಧಿಸಲು ಅವಕಾಶವಿದೆ.

ಇ-ಸ್ಪೋರ್ಟ್ಸ್‌ಗೆ (ಸ್ಪರ್ಧೆಯಾಗಿ ಆಡುವ ವಿಡಿಯೊ ಆಟಗಳಿಗೆ) ಇದೇ ಕಾಯ್ದೆಯಲ್ಲಿ ವಿನಾಯಿತಿ ಇದೆ ಎಂಬುದೂ ನಿಜವೇ. ಸ್ಪರ್ಧೆಗೆ ಸೇರಲು ಅಥವಾ ಏರ್ಪಾಡಿನ ಖರ್ಚಿಗೆಂದು ಮಾತ್ರ ಶುಲ್ಕ ಪಡೆಯಬಹುದು, ಆಟದ ಸಾಧನೆಗೆ ಬಹುಮಾನವನ್ನೂ ಕೊಡಬಹುದು. ಆದರೆ ಆ ವಿನಾಯಿತಿ ಸಿಗಬೇಕಾದರೆ ಆಟಕ್ಕೆ ಕಾನೂನಿನ ಪ್ರಕಾರ ಮಾನ್ಯತೆಯೂ ನೋಂದಣಿಯೂ ಇರಬೇಕು, ಬಾಜಿಯ ಸೋಂಕು ಎಲ್ಲಿಯೂ ಇರಬಾರದು. ಹತ್ತಾರು ತಂಡಗಳಿಂದ ಹಣ ಎತ್ತಿ ಗೆದ್ದವರ ಯುಪಿಐಗೆ ಹಾಕುವ ನಿಮ್ಮ ಯೋಜನೆ ಈ ವಿನಾಯಿತಿಗಿಂತ ಬಾಜಿಗೇ ಹತ್ತಿರವಾಗಿದೆ ಎಂಬುದು ನನ್ನ ಅಭಿಪ್ರಾಯ. ಹಣ ಎತ್ತದೆ, ಊರಿನ ಅಂಗಡಿಯವರಿಂದ ಒಂದು ಟ್ರೋಫಿಯನ್ನೋ ಹೆಡ್‌ಫೋನನ್ನೋ ಕೊಡಿಸಿ ಪಂದ್ಯ ನಡೆಸಿ. ಶುಲ್ಕ ಇರಲೇಬೇಕು ಎಂಬ ಹಟವಿದ್ದರೆ ರೂಮ್ ತೆರೆಯುವ ಮೊದಲು ವಕೀಲರೊಬ್ಬರನ್ನು ಕಾಣಿ. ಆಟದ ಕಂಪನಿಗಳಿಗೂ ಟೂರ್ನಿ ನಡೆಸುವವರ ಬಗ್ಗೆ ತಮ್ಮದೇ ಆದ ಷರತ್ತುಗಳಿವೆ. ಅವನ್ನು ಓದುವುದೂ ನಿಮ್ಮ ಪಾಲಿನ ಕೆಲಸವೇ.

ಪ್ರಶ್ನೆ: ನಾವು ಫ್ರೀ ಫೈರ್ ಮ್ಯಾಕ್ಸ್‌ನಲ್ಲಿ ಗೆಳೆಯರೇ ಸೇರಿ ಕ್ಲ್ಯಾಶ್ ಸ್ಕ್ವಾಡ್ (ನಾಲ್ವರೆದುರು ನಾಲ್ವರ ಪಂದ್ಯ) ಆಡುತ್ತೇವೆ. ದುಡ್ಡು ಕೊಟ್ಟು ಗನ್ ಸ್ಕಿನ್ (ಗನ್ನಿನ ಹೊರರೂಪ) ತೆಗೆದುಕೊಂಡಿರುವ ಇಬ್ಬರು ಯಾವ ಕಡೆ ಇರುತ್ತಾರೋ ಆ ಕಡೆಯೇ ಗೆಲ್ಲುತ್ತದೆ. ಸ್ಕಿನ್ ಬರೀ ಬಣ್ಣ ಎನ್ನುತ್ತಾರೆ ಅವರು. ಇದಕ್ಕೆ ಏನಾದರೂ ದಾರಿ ಇದೆಯೇ?
– ಪಿಯುಸಿ ವಿದ್ಯಾರ್ಥಿ, ಸಿಂಧನೂರು

ಉತ್ತರ: ಬರೀ ಬಣ್ಣವಲ್ಲ. ಈ ಆಟದ ಹಲವು ಗನ್ ಸ್ಕಿನ್‌ಗಳು ಗನ್ನಿನ ಗುಣವನ್ನೇ ಸ್ವಲ್ಪ ಬದಲಾಯಿಸುತ್ತವೆ: ಡ್ಯಾಮೇಜ್ ಅಥವಾ ಗುಂಡು ಹಾರುವ ವೇಗ ಒಂದೆರಡು ಮೆಟ್ಟಿಲು ಏರುತ್ತದೆ, ಬದಲಿಗೆ ಮ್ಯಾಗಜಿನ್ ಅಥವಾ ರೀಲೋಡ್ ವೇಗದಂಥ ಇನ್ನೊಂದು ಗುಣ ಇಳಿಯುತ್ತದೆ. ಇಬ್ಬರು ಎದುರೆದುರು ನಿಂತು ಒಂದೇ ಕ್ಷಣದಲ್ಲಿ ಗುಂಡು ಹಾರಿಸುವ ಕ್ಲ್ಯಾಶ್ ಸ್ಕ್ವಾಡ್‌ನಲ್ಲಿ ಆ ಒಂದು ಮೆಟ್ಟಿಲೇ ಸಾಕಾಗುತ್ತದೆ.

ಕಸ್ಟಮ್ ರೂಮಿನಲ್ಲಿ ಇದಕ್ಕೆ ನೇರವಾದ ಪರಿಹಾರವಿದೆ. ರೂಮ್ ತೆರೆಯುವಾಗ ಸೆಟ್ಟಿಂಗ್‌ಗಳ ಪಟ್ಟಿಯಲ್ಲಿ 'ಗನ್ ಆಟ್ರಿಬ್ಯೂಟ್ಸ್' ಎಂಬುದನ್ನು 'ನೋ' ಮಾಡಿದರೆ ಸ್ಕಿನ್‌ನ ಅಂದ ಉಳಿಯುತ್ತದೆ, ಬಲ ಹೋಗುತ್ತದೆ. 'ಕ್ಯಾರೆಕ್ಟರ್ ಸ್ಕಿಲ್' ಎಂಬುದನ್ನೂ 'ನೋ' ಮಾಡಿದರೆ ವರ್ಷಗಟ್ಟಲೆ ಆಡಿ ಪಾತ್ರಗಳನ್ನು ಬೆಳೆಸಿಕೊಂಡವರೂ ನಿನ್ನೆ ಆಟ ಇಳಿಸಿಕೊಂಡವರೂ ಒಂದೇ ನೆಲದ ಮೇಲೆ ನಿಲ್ಲುತ್ತಾರೆ. ಎಚ್‌ಪಿ (ಪಾತ್ರದ ಜೀವಬಲ) ಸಾಮಾನ್ಯ ಮಟ್ಟವಾದ 200ರಲ್ಲೇ ಇರಲಿ. ಹೆಡ್‌ಶಾಟ್ ಮಾತ್ರ, ಗುಂಡಿಗೆ ಮಿತಿ, ಆರಂಭದ ಕಾಯಿನ್ ಎಷ್ಟು ಎಂಬ ಆಯ್ಕೆಗಳೂ ಅಲ್ಲೇ ಇವೆ. ಅವು ನ್ಯಾಯಕ್ಕಿಂತ ರುಚಿಗೆ ಸಂಬಂಧಪಟ್ಟವು. ಆಮೇಲೂ ಆ ಇಬ್ಬರೇ ಗೆಲ್ಲುತ್ತಿದ್ದರೆ, ಅವರು ನಿಜಕ್ಕೂ ಚೆನ್ನಾಗಿ ಆಡುತ್ತಾರೆಂದು ಒಪ್ಪಿಕೊಂಡು ಒಬ್ಬೊಬ್ಬರನ್ನು ಒಂದೊಂದು ಕಡೆಗೆ ಹಂಚಿಕೊಳ್ಳಿ.

ಫೋನಿನ ವ್ಯತ್ಯಾಸವನ್ನು ಮಾತ್ರ ಯಾವ ಸೆಟ್ಟಿಂಗೂ ಸರಿಮಾಡದು. ಟ್ಯಾಬ್ಲೆಟ್ ತಂದವರಿಗೆ ಅಕ್ಕಪಕ್ಕದ ನೋಟ ಹೆಚ್ಚು ಕಾಣಬಹುದು, ಕಂಪ್ಯೂಟರ್‌ನಲ್ಲಿ ಎಮ್ಯುಲೇಟರ್ (ಫೋನಿನ ಆಟವನ್ನು ಅಲ್ಲಿ ನಡೆಸುವ ತಂತ್ರಾಂಶ) ಹಾಕಿ ಮೌಸ್‌ನಿಂದ ಆಡುವವರಿಗೆ ಗುರಿ ಸುಲಭ. ಎಲ್ಲರೂ ಫೋನಿನಲ್ಲೇ ಆಡಬೇಕೆಂಬುದನ್ನು ಬಾಯಿಮಾತಿನ ನಿಯಮವಾಗಿಯಾದರೂ ಮೊದಲೇ ಹೇಳಿಕೊಳ್ಳಿ.

ಪ್ರಶ್ನೆ: ರೂಮ್ ಕಾರ್ಡನ್ನು ಅರ್ಧ ಬೆಲೆಗೆ ಕೊಡುತ್ತೇವೆ, ನಿಮ್ಮ ಆಟದ ಖಾತೆಗೆ ನಾವೇ ಲಾಗಿನ್ ಆಗಿ ಹಾಕಿಕೊಡುತ್ತೇವೆ ಎಂದು ಟೆಲಿಗ್ರಾಂನಲ್ಲಿ ಹೇಳುವವರನ್ನು ನಂಬಬಹುದೇ?
– ಓದುಗರೊಬ್ಬರು, ಕೋಲಾರ

ಉತ್ತರ: ಬೇಡ. ಲಾಗಿನ್ ಕೊಟ್ಟ ಮೇಲೆ ಖಾತೆ ನಿಮ್ಮದಾಗಿ ಉಳಿಯುತ್ತದೆ ಎಂಬುದಕ್ಕೆ ಖಾತರಿಯಿಲ್ಲ; ಓಟಿಪಿಯನ್ನೂ ಹೇಳಿದರೆ ಅದಕ್ಕೆ ಜೋಡಿಸಿರುವ ಜಿಮೇಲ್ ಅಥವಾ ಫೇಸ್‌ಬುಕ್ ಖಾತೆಯೂ ಕೈತಪ್ಪಬಹುದು. ಗೆಳೆಯರ ಗುಂಪಿನಲ್ಲಿ ಯಾರ ಬಳಿಯಾದರೂ ಒಂದು ಕಾರ್ಡ್ ಇದ್ದರೆ ಸಾಕು, ಉಳಿದವರು ರೂಮಿಗೆ ಸೇರಲು ಕಾರ್ಡ್ ಬೇಕಿಲ್ಲ.

ಪ್ರಶ್ನೆ: ನಾವು ಐವರು ಕಂಪ್ಯೂಟರ್‌ನ ಶೂಟಿಂಗ್ ಆಟವಾದ ವ್ಯಾಲೊರಂಟ್ ಆಡುತ್ತೇವೆ, ಮೈಸೂರಿನ ಇನ್ನೊಂದು ತಂಡದ ವಿರುದ್ಧ ವಾರಕ್ಕೊಮ್ಮೆ ಅಭ್ಯಾಸ ಪಂದ್ಯ ಆಡಬೇಕೆಂದಿದ್ದೇವೆ. ಕಸ್ಟಮ್ ಗೇಮ್ ತೆರೆದರೆ ಕಾಣುವ ಆಯ್ಕೆಗಳಲ್ಲಿ ಯಾವುದನ್ನು ಆನ್ ಮಾಡಬೇಕು, ಯಾವುದನ್ನು ಆಫ್ ಮಾಡಬೇಕು ಎಂಬುದು ತಿಳಿಯುತ್ತಿಲ್ಲ. ಮೊದಲ ಪಂದ್ಯ 13 ಆದ ಮೇಲೂ ಮುಗಿಯದೆ ಮುಂದುವರಿಯಿತು.
– ಐವರು ಗೆಳೆಯರು, ಬೆಂಗಳೂರು

ಉತ್ತರ: ಮುಗಿಯದೆ ಮುಂದುವರಿದದ್ದಕ್ಕೆ ಕಾರಣ 'ಪ್ಲೇ ಔಟ್ ಆಲ್ ರೌಂಡ್ಸ್' ಎಂಬ ಆಯ್ಕೆ ಆನ್ ಆಗಿದ್ದುದು. ಅದು ಆಫ್ ಇದ್ದಾಗ ಮೊದಲು 13 ಸುತ್ತು ಗೆದ್ದವರಲ್ಲಿಗೆ ಪಂದ್ಯ ನಿಲ್ಲುತ್ತದೆ; ಆನ್ ಇದ್ದರೆ 24 ಸುತ್ತುಗಳನ್ನೂ ಆಡಿಸುತ್ತದೆ. ಅಭ್ಯಾಸ ಪಂದ್ಯಕ್ಕೆ ಇದನ್ನು ಬೇಕೆಂದೇ ಆನ್ ಮಾಡುವವರಿದ್ದಾರೆ. 13-2ರಲ್ಲಿ ಸೋತ ತಂಡ ಎರಡನೆಯ ಅರ್ಧದಲ್ಲಿ ತನ್ನ ಆಟವನ್ನು ನೋಡಿಕೊಳ್ಳುವಷ್ಟರಲ್ಲೇ ಪಂದ್ಯ ಮುಗಿದುಹೋಗಿರುತ್ತದೆ. ಸಂಜೆಯ ಹೊತ್ತು ಹೊಂದಿಸಿಕೊಂಡು ಹತ್ತು ಮಂದಿ ಕೂತಿರುವಾಗ ಎರಡೂ ಕಡೆಯವರು 12 ಅಟ್ಯಾಕ್, 12 ಡಿಫೆನ್ಸ್ ಸುತ್ತುಗಳನ್ನು ಪೂರ್ತಿ ಆಡುವುದರಿಂದಲೇ ಲಾಭ. ಆದ್ದರಿಂದ ಇದು ತಪ್ಪು ಸೆಟ್ಟಿಂಗ್ ಅಲ್ಲ, ಆದರೆ ಎರಡೂ ತಂಡಗಳು ಮಾತಾಡಿಕೊಂಡು ಹಾಕಬೇಕಾದ ಸೆಟ್ಟಿಂಗ್. ಗೆಲುವು-ಸೋಲು ಬರೆದಿಡುವ ಪಂದ್ಯವಾದರೆ ಆಫ್ ಮಾಡಿ. 12-12 ಆದಾಗ ಒಂದೇ ಸುತ್ತಿನಲ್ಲಿ ಮುಗಿಯಬಾರದೆಂದಿದ್ದರೆ 'ಓವರ್‌ಟೈಮ್: ವಿನ್ ಬೈ ಟು' ಆನ್ ಇರಲಿ.

'ಅಲೌ ಚೀಟ್ಸ್' ಎಂಬುದರ ಹೆಸರು ಕೇಳಿ ಹೆದರಬೇಕಿಲ್ಲ. ಅದು ಒಬ್ಬರೇ ಕೂತು ಅಭ್ಯಾಸ ಮಾಡಲು ಆಟದವರೇ ಕೊಟ್ಟಿರುವ ಸೌಲಭ್ಯ. ಅದನ್ನು ಆನ್ ಮಾಡಿದರೆ ಮುಗಿಯದ ಗುಂಡು, ಮುಗಿಯದ ಎಬಿಲಿಟಿಗಳು (ಪಾತ್ರದ ವಿಶೇಷ ಶಕ್ತಿಗಳು), ಗೋಡೆಗಳ ಮೂಲಕ ಹಾರಾಡುವ ಘೋಸ್ಟ್ ಎಲ್ಲವೂ ಸಿಗುತ್ತವೆ. ಸೋವಾ ಎಂಬ ಪಾತ್ರದ ಬಾಣವನ್ನು ಯಾವ ಮೂಲೆಯಲ್ಲಿ ನಿಂತು, ಯಾವ ಕಂಬದ ತುದಿಗೆ ಗುರಿಯಿಟ್ಟು ಬಿಟ್ಟರೆ ಸೈಟ್‌ನ (ಬಾಂಬ್ ಇಡುವ ಜಾಗದ) ನಡುವೆ ಬೀಳುತ್ತದೆಂದು ಕಲಿಯಬೇಕಾದವರಿಗೆ ಇದಕ್ಕಿಂತ ಒಳ್ಳೆಯ ದಾರಿಯಿಲ್ಲ: ಬಾಣ ಬಿಟ್ಟು, ಘೋಸ್ಟ್ ಆಗಿ ಹಾರಿ ಹೋಗಿ ಅದು ಎಲ್ಲಿ ಬಿದ್ದಿದೆಯೆಂದು ನೋಡಿ, ಮರಳಿ ಬಂದು ಮತ್ತೆ ಬಿಡಬಹುದು. ಮೈಸೂರಿನವರು ಬರುವ ದಿನ ಇದು ಆಫ್ ಆಗಿದೆಯೇ ಎಂದು ಎರಡೂ ನಾಯಕರು ನೋಡಿಕೊಂಡ ಮೇಲೆಯೇ ಸ್ಟಾರ್ಟ್ ಒತ್ತಿ.

'ಟೂರ್ನಮೆಂಟ್ ಮೋಡ್' ಹಾಕಿದರೆ ನಡುವೆ ಪಂದ್ಯ ನಿಲ್ಲಿಸಿ ಟೈಮ್‌ಔಟ್ ಪಡೆಯಲು ಅನುಕೂಲವಾಗುತ್ತದೆ. ಬೆಂಗಳೂರಿನ ಪಿಜಿಗಳ ಇಂಟರ್‌ನೆಟ್ ನೋಡಿದವರಿಗೆ ಅದರ ಬೆಲೆ ಗೊತ್ತು. ಸರ್ವರ್ ಪಟ್ಟಿಯಲ್ಲಿ ಮುಂಬೈಯನ್ನೇ ಆರಿಸಿಕೊಳ್ಳಿ. ಮ್ಯಾಪ್ ಆರಿಸುವ ಹಕ್ಕನ್ನು ಗೇಮ್ ತೆರೆದವರಿಗೆ ಬಿಡದೆ, ಸ್ಪರ್ಧಾತ್ಮಕ ಸರದಿಯಲ್ಲಿರುವ 7 ಮ್ಯಾಪ್‌ಗಳಲ್ಲಿ ಒಂದು ತಂಡ ಒಂದನ್ನು ತೆಗೆಯುವುದು, ಇನ್ನೊಂದು ತಂಡ ಒಂದನ್ನು ತೆಗೆಯುವುದು ಎಂದು ಸರದಿಯಂತೆ ಆರನ್ನು ತೆಗೆದರೆ ಉಳಿದ ಒಂದರಲ್ಲಿ ಆಡಬಹುದು. ಯಾರು ಮೊದಲು ಡಿಫೆಂಡ್ ಮಾಡಬೇಕೆಂಬುದಕ್ಕೆ ನಾಣ್ಯ ಚಿಮ್ಮಿಸಿ. ಈ ಪಂದ್ಯಗಳಿಂದ ನಿಮ್ಮ ರ್‍ಯಾಂಕ್ ಏರುವುದೂ ಇಲ್ಲ, ಇಳಿಯುವುದೂ ಇಲ್ಲ.

ಪ್ರಶ್ನೆ: ನಾನು ಕಂಪ್ಯೂಟರ್ ಲ್ಯಾಬಿನ ಉಸ್ತುವಾರಿ ನೋಡಿಕೊಳ್ಳುತ್ತೇನೆ. ಕಾಲೇಜಿನ ವಾರ್ಷಿಕ ಫೆಸ್ಟ್‌ಗೆ ವಿದ್ಯಾರ್ಥಿಗಳು ಕೌಂಟರ್ ಸ್ಟ್ರೈಕ್ 1.6 ಪಂದ್ಯ ಇಡಲು ಅನುಮತಿ ಕೇಳಿದ್ದಾರೆ. ಕಂಪ್ಯೂಟರ್‌ಗಳು ಹಳೆಯವು, ಇಂಟರ್‌ನೆಟ್ ಕೊಡಲು ಪ್ರಾಂಶುಪಾಲರು ಒಪ್ಪುವುದಿಲ್ಲ. ಸಾಧ್ಯವೇ?
– ಲ್ಯಾಬ್ ಸಹಾಯಕರು, ಹುಬ್ಬಳ್ಳಿ

ಉತ್ತರ: ಧಾರಾಳವಾಗಿ ಸಾಧ್ಯ. ಇಪ್ಪತ್ತು ವರ್ಷಗಳಿಗಿಂತ ಹಳೆಯ ಈ ಆಟ ಇನ್ನೂ ಕಾಲೇಜು ಫೆಸ್ಟ್‌ಗಳಲ್ಲಿ ಉಳಿದಿರುವುದೇ ಹಳೆಯ ಕಂಪ್ಯೂಟರ್ ಮತ್ತು ಒಂದು ನೆಟ್‌ವರ್ಕ್ ಸ್ವಿಚ್ ಇದ್ದರೆ ಸಾಕು ಎಂಬ ಕಾರಣಕ್ಕೆ. ಲ್ಯಾಬಿನೊಳಗಿನ ಲ್ಯಾನ್‌ನಲ್ಲೇ (ಕಂಪ್ಯೂಟರ್‌ಗಳನ್ನು ಬೆಸೆದ ಒಳಜಾಲದಲ್ಲೇ) ಸರ್ವರ್ ನಡೆಸಬಹುದು.

ಸರ್ವರ್ ನಡೆಸಲು ಎರಡು ದಾರಿಗಳಿವೆ. ಒಬ್ಬ ಆಟಗಾರ ತನ್ನ ಕಂಪ್ಯೂಟರ್‌ನಲ್ಲಿ 'ನ್ಯೂ ಗೇಮ್' ತೆರೆದು ಉಳಿದವರು ಅದಕ್ಕೆ ಸೇರುವುದು ಸುಲಭದ್ದು; ಆದರೆ ಆಗ ಸರ್ವರ್ ಇರುವ ಯಂತ್ರದಲ್ಲಿ ಕೂತವನಿಗೆ ವಿಳಂಬವೇ ಇರುವುದಿಲ್ಲ, ಅವನ ಕಂಪ್ಯೂಟರ್ ಹ್ಯಾಂಗ್ ಆದರೆ ಎಲ್ಲರ ಪಂದ್ಯವೂ ಹೋಗುತ್ತದೆ. ಎರಡನೆಯದು, ಯಾರೂ ಆಡದ ಒಂದು ಕಂಪ್ಯೂಟರ್‌ನಲ್ಲಿ ಡೆಡಿಕೇಟೆಡ್ ಸರ್ವರ್ ನಡೆಸುವುದು. ಫೆಸ್ಟ್‌ಗೆ ಇದೇ ಸರಿ. ಆ ಕಂಪ್ಯೂಟರ್ ನಿಮ್ಮ ಮೇಜಿನ ಮೇಲಿರಲಿ, ಸರ್ವರ್ ನಿಯಂತ್ರಿಸುವ ಆರ್‌ಕಾನ್ ಪಾಸ್‌ವರ್ಡ್ ನಿಮ್ಮ ಬಳಿ ಮಾತ್ರ ಇರಲಿ. ಆ ಪಾಸ್‌ವರ್ಡ್ ಇದ್ದವರು ಮ್ಯಾಪ್ ಬದಲಿಸಬಲ್ಲರು, ಆಟಗಾರರನ್ನು ಹೊರಹಾಕಬಲ್ಲರು, ಗನ್ ಕೊಳ್ಳಲು ಆಟದೊಳಗೆ ಸಿಗುವ ಆರಂಭದ ಹಣವನ್ನೂ ಬದಲಾಯಿಸಬಲ್ಲರು.

ನಿಯಮಗಳನ್ನು ಸರ್ವರ್‌ನ ಕಾನ್ಫಿಗ್ ಫೈಲಿನಲ್ಲಿ ಒಮ್ಮೆ ಬರೆದಿಟ್ಟರೆ ಸಾಕು. ಈ ಆಟದ ಪಂದ್ಯಗಳಲ್ಲಿ ಬಹುಕಾಲದಿಂದ ನಡೆದುಬಂದ ಕ್ರಮ ಹೀಗಿದೆ: ಒಂದು ಕಡೆ 15 ಸುತ್ತು ಆಡಿ ಕಡೆ ಬದಲಿಸುವುದು, ಮೊದಲು 16 ಗೆದ್ದವರು ವಿಜಯಿಗಳು, ಆರಂಭದ ಹಣ 800 ಡಾಲರ್, ಸುತ್ತಿನ ಅವಧಿ 1 ನಿಮಿಷ 45 ಸೆಕೆಂಡ್, ಬಾಂಬ್ ಸಿಡಿಯುವ ಅವಧಿ ಆಟದಲ್ಲಿ ತಾನಾಗಿ ಇರುವ 45 ಸೆಕೆಂಡಿನ ಬದಲು 35, ಫ್ರೆಂಡ್ಲಿ ಫೈರ್ ಆನ್, ಅಂದರೆ ತನ್ನವರಿಗೆ ಹೊಡೆದರೂ ಏಟು ಬೀಳುತ್ತದೆ. ತಂಡಗಳನ್ನು ತಾನಾಗಿಯೇ ಸರಿದೂಗಿಸುವ ಆಯ್ಕೆಯನ್ನು ಮರೆಯದೆ ಆಫ್ ಮಾಡಿ. ಇಲ್ಲದಿದ್ದರೆ ಒಂದು ತಂಡದಲ್ಲಿ ಇಬ್ಬರ ಸಂಪರ್ಕ ತಪ್ಪಿದಾಗ ಸರ್ವರ್ ಎದುರು ತಂಡದವನೊಬ್ಬನನ್ನು ಎತ್ತಿ ಇತ್ತ ಹಾಕಿಬಿಡುತ್ತದೆ. ವಾರ್ಮ್‌ಅಪ್ ಮುಗಿದ ಮೇಲೆ ಮೂರು ಬಾರಿ ರೀಸ್ಟಾರ್ಟ್ ಮಾಡಿ ಪಂದ್ಯ ಶುರು ಮಾಡುವುದು ವಾಡಿಕೆ. ಕೊನೆಯ ರೀಸ್ಟಾರ್ಟ್ ಆದ ಮೇಲಿನದ್ದು ಮಾತ್ರ ಲೆಕ್ಕಕ್ಕೆ.

ನಿಮ್ಮ ಲ್ಯಾಬಿನಲ್ಲಿ ಸರ್ವರ್ ಹೆಸರು ಆಟದ 'ಲ್ಯಾನ್' ಪಟ್ಟಿಯಲ್ಲಿ ಕಾಣದಿದ್ದರೆ ಮೊದಲು ಸರ್ವರ್ ಯಂತ್ರದ ವಿಂಡೋಸ್ ಫೈರ್‌ವಾಲ್‌ನಲ್ಲಿ ಯುಡಿಪಿ 27015 ಪೋರ್ಟ್ ತೆರೆದಿದೆಯೇ ನೋಡಿ. ಎರಡು ಲ್ಯಾಬ್‌ಗಳನ್ನು ಬೇರೆ ಬೇರೆ ಸಬ್‌ನೆಟ್‌ನಲ್ಲಿ (ಜಾಲದ ಬೇರೆ ಭಾಗಗಳಲ್ಲಿ) ಇಟ್ಟಿದ್ದರೆ ಒಂದರ ಸರ್ವರ್ ಇನ್ನೊಂದರ ಪಟ್ಟಿಯಲ್ಲಿ ತಾನಾಗಿ ಮೂಡುವುದಿಲ್ಲ. ಐಪಿ ವಿಳಾಸ ಕೊಟ್ಟು ಸೇರಬೇಕಾಗುತ್ತದೆ. ಎರಡೂ ತಂಡಗಳನ್ನು ಬೆನ್ನಿಗೆ ಬೆನ್ನು ಕೂರಿಸಬೇಡಿ, ಪರದೆಗಳು ಒಬ್ಬರಿಗೊಬ್ಬರಿಗೆ ಕಾಣುತ್ತವೆ. ನೋಡಲು ಬಂದವರು ಆಟಗಾರರ ಹಿಂದೆ ನಿಂತು ಸುಳಿವು ಕೊಡುವುದನ್ನು ತಡೆಯುವುದೇ ನಿಮಗೆ ಆ ದಿನದ ದೊಡ್ಡ ಕೆಲಸವಾಗಬಹುದು. ಎಚ್‌ಎಲ್‌ಟಿವಿ ಎಂಬ ವ್ಯವಸ್ಥೆಯನ್ನು ಬಳಸಿ ಪ್ರೊಜೆಕ್ಟರ್‌ನಲ್ಲಿ ಪಂದ್ಯವನ್ನು 90 ಸೆಕೆಂಡ್ ತಡವಾಗಿ ತೋರಿಸಿದರೆ ನೋಡುಗರಿಗೆ ಕೊರತೆಯಿಲ್ಲ, ಕೂಗಿದರೂ ಹಳೆಯ ಸುದ್ದಿಯನ್ನೇ ಕೂಗಿದಂತಾಗುತ್ತದೆ.

ಪ್ರಶ್ನೆ: ನಾನು ಡಲ್ಲಾಸ್‌ನಲ್ಲಿದ್ದೇನೆ. ಶಿವಮೊಗ್ಗದಲ್ಲಿರುವ ಚಿಕ್ಕಪ್ಪನ ಮಕ್ಕಳು ಬಿಜಿಎಂಐ ಮತ್ತು ವ್ಯಾಲೊರಂಟ್ ಆಡುತ್ತಾರೆ. ಅವರು ಐಡಿ-ಪಾಸ್ ಕಳುಹಿಸಿದರೂ ನನಗೆ ರೂಮ್ ಸಿಗುವುದಿಲ್ಲ. ದೂರದಿಂದ ಒಟ್ಟಿಗೆ ಆಡಲು ದಾರಿಯೇ ಇಲ್ಲವೇ?
– ಓದುಗರೊಬ್ಬರು, ಅಮೆರಿಕ

ಉತ್ತರ: ಆ ಎರಡು ಆಟಗಳಲ್ಲಿ ಇಲ್ಲ. ಬಿಜಿಎಂಐ ಭಾರತಕ್ಕೆಂದೇ ಇರುವ ಪ್ರತ್ಯೇಕ ಆಟ. 2020ರ ಸೆಪ್ಟೆಂಬರ್‌ನಲ್ಲಿ ಪಬ್‌ಜಿ ಮೊಬೈಲ್ ಇಲ್ಲಿ ನಿಷೇಧವಾದ ಮೇಲೆ 2021ರ ಜುಲೈಯಲ್ಲಿ ಬಂದದ್ದು. ಅಮೆರಿಕದಲ್ಲಿ ನಿಮ್ಮ ಬಳಿ ಇರುವುದು ಪಬ್‌ಜಿ ಮೊಬೈಲ್ ಆಗಿರಬೇಕು. ನೋಡಲು ಒಂದೇ ಥರ ಇದ್ದರೂ ಒಂದರ ರೂಮಿಗೆ ಇನ್ನೊಂದರಿಂದ ಪ್ರವೇಶವಿಲ್ಲ. ವ್ಯಾಲೊರಂಟ್‌ನಲ್ಲಿ ಖಾತೆಯನ್ನೇ ಪ್ರದೇಶಕ್ಕೆ ಕಟ್ಟಿಹಾಕಲಾಗಿದೆ. ಉತ್ತರ ಅಮೆರಿಕದ ಖಾತೆ ಮತ್ತು ಭಾರತದ ಖಾತೆ ಒಂದೇ ಪಾರ್ಟಿಗೆ ಸೇರುವುದಿಲ್ಲ.

ಕಾಲ್ ಆಫ್ ಡ್ಯೂಟಿ ಮೊಬೈಲ್ ಎರಡೂ ದೇಶಗಳಲ್ಲಿ ಒಂದೇ ಆವೃತ್ತಿಯಾಗಿ ಸಿಗುತ್ತದೆ, ಅದರ ಮಲ್ಟಿಪ್ಲೇಯರ್‌ನಲ್ಲಿ 'ಪ್ರೈವೇಟ್' ರೂಮ್ ತೆರೆಯಲು ಕಾರ್ಡಿನ ಗೊಡವೆಯೂ ಇಲ್ಲ. ಆದರೆ ಪಿಂಗ್ ಬಗ್ಗೆ ಆಸೆ ಇಟ್ಟುಕೊಳ್ಳಬೇಡಿ. ಕರ್ನಾಟಕದಿಂದ ಡಲ್ಲಾಸ್‌ಗೆ ನೇರ ಗೆರೆ ಎಳೆದರೂ ಸುಮಾರು 15,000 ಕಿಲೋಮೀಟರ್. ಆಪ್ಟಿಕಲ್ ಫೈಬರ್‌ನೊಳಗೆ ಬೆಳಕು ಸೆಕೆಂಡಿಗೆ ಹೆಚ್ಚುಕಡಿಮೆ 2 ಲಕ್ಷ ಕಿಲೋಮೀಟರ್ ಸಾಗುತ್ತದೆ ಎಂದುಕೊಂಡರೆ ಹೋಗಿ ಬರಲು ಕನಿಷ್ಠ 150 ಮಿಲಿಸೆಕೆಂಡ್ ಬೇಕು. ಕೇಬಲ್‌ಗಳು ನೇರ ಗೆರೆಯಲ್ಲಿ ಸಾಗದ ಕಾರಣ ನಿಜವಾದ ಪಿಂಗ್ 200 ದಾಟುತ್ತದೆ. ಯಾವ ಇಂಟರ್‌ನೆಟ್ ಪ್ಯಾಕ್ ಹಾಕಿಸಿದರೂ ಇದು ಇಳಿಯದು. ಸರ್ವರ್ ಎಲ್ಲಿರುತ್ತದೋ ಅವರಿಗೆ ಆಟ ಸಲೀಸು, ದೂರದವರಿಗೆ ಗುಂಡು ತಗುಲಿದ ಮೇಲೆ ಎದುರಾಳಿ ಕಾಣಿಸಿಕೊಳ್ಳುವ ಪಾಡು.

ಆದ್ದರಿಂದ ಎದುರೆದುರು ಆಡುವುದಕ್ಕಿಂತ ಒಂದೇ ತಂಡದಲ್ಲಿ ಬಾಟ್‌ಗಳ (ಕಂಪ್ಯೂಟರೇ ಆಡಿಸುವ ಆಟಗಾರರ) ವಿರುದ್ಧ ಆಡುವ ಪಂದ್ಯವನ್ನು ಆರಿಸಿಕೊಳ್ಳಿ. ಆಗ ನಿಮ್ಮ ತಡದಿಂದ ಯಾರಿಗೂ ಅನ್ಯಾಯವಾಗುವುದಿಲ್ಲ. ಎದುರೆದುರೇ ಆಡಬೇಕೆಂದರೆ, ಸರ್ವರ್ ಬಾಡಿಗೆಗೆ ಪಡೆಯಲು ಅವಕಾಶವಿರುವ ಕೌಂಟರ್ ಸ್ಟ್ರೈಕ್‌ನಂಥ ಕಂಪ್ಯೂಟರ್ ಆಟಕ್ಕೆ ಯುರೋಪಿನ ಯಾವುದಾದರೂ ನಗರದಲ್ಲಿ ಸರ್ವರ್ ಹಿಡಿದರೆ ಎರಡು ಕಡೆಯವರ ಪಿಂಗ್ ಹತ್ತಿರ ಹತ್ತಿರ ಬರುತ್ತದೆ, ಕಷ್ಟವಾದರೆ ಇಬ್ಬರಿಗೂ ಸಮನಾಗಿ ಕಷ್ಟ. ಡಲ್ಲಾಸ್‌ನಲ್ಲಿ ಶನಿವಾರ ಬೆಳಿಗ್ಗೆ ಒಂಬತ್ತಾದಾಗ ಶಿವಮೊಗ್ಗದಲ್ಲಿ ಬೇಸಿಗೆಯ ತಿಂಗಳುಗಳಲ್ಲಿ ಸಂಜೆ ಏಳೂವರೆ, ಅಲ್ಲಿ ಗಡಿಯಾರ ಹಿಂದಕ್ಕೆ ತಿರುಗಿಸಿದ ಮೇಲೆ ಎಂಟೂವರೆ. ಹುಡುಗರ ಊಟದ ಹೊತ್ತನ್ನು ಚಿಕ್ಕಮ್ಮನವರಲ್ಲಿ ಕೇಳಿಕೊಂಡು ಸಮಯ ಗೊತ್ತುಮಾಡಿ.